ಮುನಿಯಮ್ಮನ ರಾಗಿ

ಇರುವ ಜನಕ್ಕೆ ಅನ್ನ ಸಾಲದು ಎಂದು ಯಾರಾದರೂ ನನ್ನ ಮುಂದೆ ಹೇಳಿದರೆ ಈ ವಯಸ್ಸಿನಲ್ಲೂ ಮೈ ಉರಿಯುತ್ತದೆ. ಈಚೆಗೆ ಕೋಲಾರದಲ್ಲಿ ಯಾವುದೋ ಸಭೆಗೆ ಮೊಮ್ಮಗ ಕರೆದುಕೊಂಡು ಹೋಗಿದ್ದ. ಇಸ್ತ್ರಿ ಅಂಗಿಯವರೊಬ್ಬರು ಎದ್ದು ನಿಂತು, ನಡುನಡುವೆ ಇಂಗ್ಲಿಷ್ ಬೆರೆಸಿ, ಇರುವ ಭೂಮಿ ಇಷ್ಟೇ, ಇರುವ ನೀರು ಇಷ್ಟೇ, ಹುಟ್ಟುವ ಬಾಯಿಗಳಿಗೆ ಮಾತ್ರ ಲೆಕ್ಕವಿಲ್ಲ, ಹೀಗಿರುವಾಗ ಹಸಿವು ಬಾರದೆ ಇನ್ನೇನು ಬಂದೀತು ಎಂದು ಕೇಳಿದರು. ಕೂತವರೆಲ್ಲ ತಲೆಯಾಡಿಸಿದರು. ನಾನು ಎದ್ದು ಹೊರಗೆ ಬಂದು ಹೊಂಗೆ ಮರದ ಕೆಳಗೆ ಕೂತೆ. ನಮ್ಮ ಸೀಮೆಯಲ್ಲಿ ಭೂಮಿ ಯಾವತ್ತು ಹೆಚ್ಚಿತ್ತು? ನಂಬಿಕೊಳ್ಳಲು ಒಂದು ಹೊಳೆ ಇಲ್ಲ. ಬಿದ್ದ ಮಳೆಯನ್ನು ಕೆರೆಯಲ್ಲಿ ಹಿಡಿದು, ಬೆಳೆದ ರಾಗಿಯನ್ನು ನೆಲದೊಳಗೆ ಬಚ್ಚಿಟ್ಟು, ಮಳೆ ಬಾರದ ವರ್ಷವನ್ನು ಅದರಲ್ಲೇ ದಾಟುತ್ತಿದ್ದ ಜನ ನಾವು. ನಾನು ಕಣ್ಣಾರೆ ಕಂಡ ಹಸಿವಿನ ದಿನಗಳಲ್ಲಿ ಊರಿನಲ್ಲಿ ರಾಗಿ ಇತ್ತು. ಆ ರಾಗಿಯೊಳಗೆ ಮಂಡಿಯುದ್ದ ಹೂತುಕೊಂಡು ನಾನೇ ನಿಂತಿದ್ದೆ. ನಿಂತವನು ಮೇಲೆ ಹತ್ತಿ ಬಂದು ಇಲ್ಲ ಎಂದು ಹೇಳಿದೆ. ಇದನ್ನು ಬಿಟ್ಟು ನನ್ನ ಬಾಲ್ಯದ ಬಗ್ಗೆ ಬೇರೆ ಏನು ಬರೆದರೂ ಅದು ಸುಳ್ಳಾಗುತ್ತದೆ.

ನಮ್ಮ ಮನೆ ಮುಳಬಾಗಿಲು ಸೀಮೆಯಲ್ಲಿ, ಆವನಿ ಬೆಟ್ಟ ಕಣ್ಣಿಗೆ ಕಾಣುವಷ್ಟು ದೂರದ ಒಂದು ಸಣ್ಣ ಊರಿನಲ್ಲಿತ್ತು. ಮಣ್ಣಿನ ಗೋಡೆ, ನಾಡಹೆಂಚು. ಬಾಗಿಲು ದಾಟಿದರೆ ಎಡಕ್ಕೆ ದನ, ಬಲಕ್ಕೆ ನಾವು. ಎತ್ತುಗಳು ಉಸಿರು ಬಿಡುವ ಸದ್ದು ಕೇಳುತ್ತಲೇ ಉಣ್ಣುತ್ತಿದ್ದೆವು. ಅಡುಗೆಮನೆಗೆ ಇದ್ದದ್ದು ಒಂದೇ ಬೆಳಕಿಂಡಿ. ಅದರಿಂದ ಬೀಳುವ ಬಿಸಿಲಿನಲ್ಲಿ ಹೊಗೆ ಏಳುತ್ತಿತ್ತು, ಹೊಗೆಯಲ್ಲಿ ಅಮ್ಮನ ಕೈ ಮಾತ್ರ ಕಾಣುತ್ತಿತ್ತು. ಆ ಕೈ ಕೋಲು ಹಿಡಿದು ಮಡಕೆಯಲ್ಲಿ ಹಿಟ್ಟು ತೊಳಸುತ್ತಿತ್ತು, ಕಟ್ಟುತ್ತಿತ್ತು, ತಟ್ಟೆಗೆ ಹಾಕುತ್ತಿತ್ತು. ಮುದ್ದೆಯ ಗಾತ್ರದಲ್ಲೇ ಮನೆಯ ಅಂತಸ್ತೆಲ್ಲ ಇತ್ತು. ಅಪ್ಪನದು ಎಲ್ಲಕ್ಕಿಂತ ದೊಡ್ಡದು, ಆಮೇಲೆ ನನ್ನದು, ಅಜ್ಜಿಯದು, ಕೊನೆಗೆ ಮಡಕೆಯ ತಳ ಕೆರೆದು ಆದದ್ದು ಅಮ್ಮನದು. ಹುರುಳಿ ಕಟ್ಟಿನ ಸಾರು, ಹೊಲದಲ್ಲಿ ಸಿಕ್ಕಿದ ಅಣ್ಣೆಸೊಪ್ಪು, ಒಂದು ಈರುಳ್ಳಿ. ಅಮ್ಮನ ಮುದ್ದೆ ಯಾಕೆ ಸಣ್ಣದು ಎಂದು ನಾನು ಒಂದು ದಿನವೂ ಕೇಳಲಿಲ್ಲ. ನನಗೆ ಬರಬೇಕಾದದ್ದು ನನಗೆ ಬರುತ್ತಿತ್ತು, ಅಷ್ಟೇ ಗೊತ್ತಿದ್ದದ್ದು. ಆ ಹುಡುಗನನ್ನು ನೆನೆದರೆ ನನಗೆ ಈಗಲೂ ಮುದ್ದು ಬರುವುದಿಲ್ಲ. ಕೆನ್ನೆಗೆ ಎರಡು ಬಾರಿಸಬೇಕು ಅನ್ನಿಸುತ್ತದೆ.

ಮನೆಯ ಯಜಮಾನಿ ಅಪ್ಪನ ತಾಯಿ. ನಮ್ಮ ಕಡೆ ತೆಲುಗು ಬೆರೆತ ಮಾತು, ಅಜ್ಜಿಯನ್ನು ಜೇಜಿ ಅನ್ನುತ್ತಿದ್ದೆವು. ಜೇಜಿಯ ಅಧಿಕಾರವೆಲ್ಲ ಅಂಗಳದ ಹಗೇವಿನ ಮೇಲೆ. ಹಗೇವು ಎಂದರೆ ರಾಗಿ ತುಂಬುವ ನೆಲಗುಣಿ. ಗಟ್ಟಿ ಗೊರಚು ನೆಲವನ್ನು ಆಳುದ್ದಕ್ಕಿಂತ ಆಳವಾಗಿ ಅಗೆದು, ಬಾಯಿ ಕಿರಿದು ಹೊಟ್ಟೆ ಅಗಲ ಮಾಡಿ, ಒಳಗೆಲ್ಲ ಹುಲ್ಲು ಮೆತ್ತಿ, ರಾಗಿ ಸುರಿದು, ಮೇಲೆ ಚಪ್ಪಡಿ ಎಳೆದು ಮಣ್ಣು ಮೆತ್ತಿಬಿಟ್ಟರೆ ಮುಗಿಯಿತು. ಗಾಳಿ ಹೋಗದೆ ಇದ್ದರೆ ಹುಳ ಇಲ್ಲ, ಇಲಿ ಇಲ್ಲ, ರಾಗಿ ವರ್ಷಗಟ್ಟಲೆ ಹಾಗೇ ಇರುತ್ತದೆ. ಊರಿಗೆ ಹೊರಗಾದ ಕೇರಿಯವರ ಗುಡಿಸಲುಗಳು ಕೆರೆಯ ಏರಿಯ ಕೆಳಗೆ, ಅಗೆದರೆ ನೀರು ಜಿನುಗುವ ಜಾಗದಲ್ಲಿದ್ದವು. ಅಲ್ಲಿ ಹಗೇವು ತೋಡಲು ಆಗುತ್ತಿರಲಿಲ್ಲ. ಹಾಗಾಗಿ ನಮ್ಮ ಹೊಲದಲ್ಲಿ ದುಡಿಯುತ್ತಿದ್ದ ಕೇರಿಯ ಕುಟುಂಬಗಳು ತಮ್ಮ ಕೂಲಿಯ ರಾಗಿಯಲ್ಲೂ, ತಮ್ಮದೇ ತುಂಡು ಹೊಲದ ರಾಗಿಯಲ್ಲೂ ಉಳಿದದ್ದನ್ನು ತಂದು ನಮ್ಮ ಹಗೇವಿಗೇ ಸುರಿಯುತ್ತಿದ್ದವು. ಯಾರದು ಎಷ್ಟು ಎಂದು ಎಲ್ಲರ ಬಾಯಲ್ಲೂ ಇರುತ್ತಿತ್ತು. ಹೆಚ್ಚಿನ ಪಾಲು ನಮ್ಮದೇ. ಆದರೆ ಸುರಿದ ಮೇಲೆ ಯಾವ ಕಾಳು ಗೌಡರದು, ಯಾವುದು ಕೇರಿಯದು ಎಂದು ಹೇಳುವ ಗಂಡಸು ಇರಲಿಲ್ಲ.

ತೆಗೆಯುವುದು ಆಷಾಢದ ಹೊತ್ತಿಗೆ, ಮನೆಮನೆಯ ಮಡಕೆ ಬರಿದಾಗುವಾಗ. ತುಂಬಿಸಿದವರೆಲ್ಲ ಬಂದು ನಿಂತ ಮೇಲೆಯೇ ಕಲ್ಲು ಎತ್ತಬೇಕು ಎಂಬುದು ಜೇಜಿಯ ಕಟ್ಟಳೆ. ಅದರಲ್ಲಿ ದೊಡ್ಡತನವೇನೂ ಇಲ್ಲ, ಹಗೇವಿನ ಕೆಲಸವೇ ಹಾಗೆ. ಚಪ್ಪಡಿ ಎತ್ತಲು ನಾಲ್ಕಾಳು ಬೇಕು. ಒಳಗಿನ ಕೆಟ್ಟ ಗಾಳಿ ಹೋಗುವವರೆಗೆ ಕಂಬಳಿ ಬೀಸಬೇಕು, ಹಗ್ಗ ಕಟ್ಟಿ ದೀಪ ಇಳಿಸಿ ನೋಡಬೇಕು. ದೀಪ ಉರಿದರೆ ಮನುಷ್ಯ ಇಳಿಯಬಹುದು. ಒಮ್ಮೆ ಬಾಯಿ ತೆರೆದರೆ ಪೂರ್ತಿ ತೆಗೆದು ಬಿಸಿಲಿಗೆ ಹರವಿ ಹಂಚಿಬಿಡಬೇಕು. ಅರ್ಧ ತೆಗೆದು ಅರ್ಧ ಬಿಟ್ಟರೆ ಒಳಕ್ಕೆ ಹೋದ ಗಾಳಿ, ತೇವ ಉಳಿದದ್ದನ್ನು ಕೊಳೆಸುತ್ತದೆ. ಇಳಿಯುತ್ತಿದ್ದವರು ಇಬ್ಬರು, ನಾನು ಮತ್ತು ಕೇರಿಯ ಮುನಿಯಮ್ಮನ ಮಗ ಗಂಗುಲ. ಇಬ್ಬರೂ ಒಂದೇ ವಯಸ್ಸು, ಆ ಕಿರಿದಾದ ಬಾಯಲ್ಲಿ ನುಸುಳುವಷ್ಟು ಸಣಕಲು. ಜೇಜಿ ಜಗಲಿಯಲ್ಲಿ ಕೂತು ಗದರುತ್ತಿದ್ದಳು.

"ಲೇ ಗಂಗುಲಾ, ಅವಸರ ಬೇಡ ಕಣೋ. ದೀಪ ಆರಿದ್ರೆ ಅದರ ಹಿಂದೆ ನೀನೂ ಆರ್ತೀಯ."

"ಆರಲಿ ಬಿಡಿ ದೊಡ್ಡಮ್ಮೋ, ನನ್ನ ಪಾಲಿನ ಮುದ್ದೆ ಈ ಚಿಕ್ಕಗೌಡನಿಗೆ ಆಯ್ತದೆ."

"ಅವನಿಗೆ ಯಾಕೋ ನಿಂದು? ಈಗ್ಲೇ ಹೊಟ್ಟೆ ಮುಂದಕ್ಕೆ ಬಂದು, ಮೂತಿ ಹಿಂದಕ್ಕೆ ಹೋಗೈತೆ."

ಎಲ್ಲರೂ ನಗುತ್ತಿದ್ದರು. ಹಗೇವಿನೊಳಗೆ ಗಂಗುಲನೂ ನಾನೂ ಮೈಗೆ ಮೈ ತಾಗಿಸಿ ಮಂಕರಿಗೆ ರಾಗಿ ಬಾಚುತ್ತಿದ್ದೆವು. ಮೇಲೆ ಬಂದ ಮೇಲೆ ಅವನು ಕೇರಿಗೆ ಹೋಗುತ್ತಿದ್ದ, ನನ್ನನ್ನು ಅಮ್ಮ ಹಿತ್ತಲಿಗೆ ಎಳೆದುಕೊಂಡು ಹೋಗಿ ತಲೆಗೆ ನೀರು ಸುರಿಯುತ್ತಿದ್ದಳು. ಅವನನ್ನು ಮುಟ್ಟಿದ್ದಕ್ಕೆ. ಅವನು ಮುಟ್ಟಿದ ರಾಗಿಗೆ ಮಾತ್ರ ಯಾರೂ ನೀರು ಹಾಕುತ್ತಿರಲಿಲ್ಲ.

ಜೇಜಿ ತೀರಿಕೊಂಡಳು. ಮನೆಯ ಕೀಲಿ ಅಪ್ಪನ ಉಡಿದಾರಕ್ಕೆ ಬಂತು. ಆ ಹೊತ್ತಿಗೆ ಎಲ್ಲೋ ಕಾಣದ ದೇಶಗಳಲ್ಲಿ ನಡೆಯುತ್ತಿದ್ದ ಯುದ್ಧದ ಬಿಸಿ ನಮ್ಮ ಕಣದವರೆಗೂ ತಲುಪಿತ್ತು. ಬೆಳೆದವರು ಸರ್ಕಾರಕ್ಕೆ ಇಷ್ಟು ರಾಗಿ ಕೊಡಲೇಬೇಕು ಎಂದು ಲೆವಿ ಹಾಕಿದರು. ಪೇಟೆಯಲ್ಲಿ ಸೀಮೆಎಣ್ಣೆ ಸಿಗದಾಯಿತು, ಬಟ್ಟೆ ಸಿಗದಾಯಿತು, ರಾಗಿಯನ್ನು ಗುಟ್ಟಾಗಿ ಕೊಳ್ಳುವ ಸಾಹುಕಾರರು ಮಾತ್ರ ಎಲ್ಲೆಲ್ಲೂ ಸಿಗತೊಡಗಿದರು. ಆ ವರ್ಷ ಸುಗ್ಗಿ ಮುಗಿದ ಕೂಡಲೇ ಎಲ್ಲರೂ ಸೇರಿ ಹಗೇವು ತುಂಬಿಸಿ, ಲೆವಿಯವರಿಗೆ ಕಾಣದ ಹಾಗೆ ಅದರ ಬಾಯಿಯ ಮೇಲೆ ಹುಲ್ಲು ಹರವಿ, ಒತ್ತಿನಲ್ಲೇ ರಾಗಿಹುಲ್ಲಿನ ಮೆದೆ ಒಟ್ಟಿದರು. ಕೇರಿಯ ಗಂಡಸರೇ ಒಟ್ಟಿದ್ದು. ಅವರ ರಾಗಿಯೂ ಅಲ್ಲೇ ಇತ್ತಲ್ಲ. ಮುನಿಯಮ್ಮನ ಗಂಡ ಮಾಲೂರಿನ ಇಟ್ಟಿಗೆ ಗೂಡಿಗೆ ದುಡಿಯಲು ಹೊರಟವನು, ಹಗೇವಲ್ಲಿ ರಾಗಿ ಐತೆ, ನಾನು ಬರೋವರೆಗೂ ಮಕ್ಕಳಿಗೆ ಭಯವಿಲ್ಲ ಎಂದು ನಮ್ಮ ಬೇಲಿಯ ಹತ್ತಿರವೇ ನಿಂತು ಹೆಂಡತಿಗೆ ಹೇಳಿ ಹೋದ.

ಲೆವಿ ವಸೂಲಿಗೆ ಸರ್ಕಾರದ ಶೇಕದಾರರು ಬಂದರು. ಮನೆಯಲ್ಲಿದ್ದ ಗುಡಾಣಗಳನ್ನು ಬಗ್ಗಿ ನೋಡಿ, ಸಿಕ್ಕಿದ್ದನ್ನು ಗಾಡಿಗೆ ಹಾಕಿಸಿ, ಹಗೇವು ಎಲ್ಲಿ ಎಂದು ಕೇಳಿದರು. ಇದ್ದದ್ದು ಕುಸಿದುಹೋಯಿತು ಎಂದ ಅಪ್ಪ. ಅವರು ನಂಬಲಿಲ್ಲ. ಗೌಡನ ಮೇಲೆ ಹೊಟ್ಟೆಯುರಿ ಇದ್ದವರು ಬಾಯಿಬಿಟ್ಟಾರು ಎಂದುಕೊಂಡು, ಬೇಲಿಯ ಆಚೆ ನಿಂತಿದ್ದ ಕೇರಿಯವರ ಕಡೆ ತಿರುಗಿ ಮುನಿಯಮ್ಮನನ್ನು ಕರೆದರು.

"ಏನಮ್ಮಾ, ನೀನು ಹೇಳು. ಹೆದರ್ಕೋಬೇಡ. ಇವರ ಹಗೇವು ಎಲ್ಲೈತೆ?"

"ಕುಸೀತು ಬುದ್ಧೀ. ದೊಡ್ಡಮ್ಮ ಹೋದ ವರ್ಷವೇ ಕುಸೀತು. ನನ್ನ ಮಗನೇ ಒಳಗಿದ್ದ. ಕೈ ಹಿಡಿದು ಎಳ್ದಾಕಿದ್ದಕ್ಕೆ ಉಳ್ಕೊಂಡ. ಬೇಕಾದ್ರೆ ಅವನ ಮಂಡಿ ನೋಡಿ. ಲೇ ತೋರ್ಸೋ."

ಗಂಗುಲನ ಮಂಡಿಯಲ್ಲಿ ಗಾಡಿಯಿಂದ ಬಿದ್ದ ಹಳೆಯ ಗಾಯದ ಗುರುತಿತ್ತು. ಅವನು ಚಡ್ಡಿ ಮೇಲಕ್ಕೆ ಸರಿಸಿ, ನೋವು ಇನ್ನೂ ಇದೆ ಎನ್ನುವ ಹಾಗೆ ಮುಖ ಮಾಡಿಕೊಂಡು ತೋರಿಸಿದ. ಶೇಕದಾರರು ಹೋದರು. ಗಾಡಿ ಕೆರೆ ಏರಿ ದಾಟಿದ ಮೇಲೆ ನಮ್ಮ ಅಂಗಳದಲ್ಲಿ ಎದ್ದ ನಗೆ ನನಗೆ ಇನ್ನೂ ಕೇಳಿಸುತ್ತದೆ. ಅಮ್ಮ ಮಜ್ಜಿಗೆ ತಂದು ಮುನಿಯಮ್ಮನ ಬೊಗಸೆಗೆ ಎತ್ತರದಿಂದ ಹೊಯ್ದಳು. ನಿನ್ನ ಋಣ ಮರೆಯಲ್ಲ ಮುನೆಮ್ಮಾ ಎಂದ ಅಪ್ಪ. ನಮ್ಮ ಮನೆ ಉಳಿಸಲು ಆಕೆ ಸರ್ಕಾರದ ಮುಂದೆ ಸುಳ್ಳು ಹೇಳಿದ್ದಳು. ಆ ಸುಳ್ಳನ್ನು ಅಪ್ಪ ಜೋಪಾನವಾಗಿ ಎತ್ತಿಟ್ಟುಕೊಂಡದ್ದು ಅಲ್ಲಿ ಯಾರಿಗೂ ತಿಳಿಯಲಿಲ್ಲ.

ಬೇಸಿಗೆಯಲ್ಲಿ ಬರಬೇಕಾದ ಹದಮಳೆ ಬರಲಿಲ್ಲ. ಕೆರೆ ಒಣಗಿತು. ಒಣಗಿದ ಕೆರೆಯ ಗೋಡುಮಣ್ಣು ತೆಗೆದು ಹೊಲಕ್ಕೆ ಹೊಡೆಯಲು ಒಂದು ದಿನ ಊರಿಗೆ ಊರೇ ಹೋಗಿತ್ತು. ಆ ಮಟಮಟ ಮಧ್ಯಾಹ್ನ ಅಪ್ಪ ನನ್ನನ್ನು ಕೆರೆಯಿಂದ ಕರೆದುಕೊಂಡು ಬಂದ. ಹುಲ್ಲು ಸರಿಸಿ, ಹಾರೆ ಹಾಕಿ ಮೀಟಿ, ಚಪ್ಪಡಿಯನ್ನು ನಾನು ನುಸುಳುವಷ್ಟು ಮಾತ್ರ ಪಕ್ಕಕ್ಕೆ ಸರಿಸಿದ. ದೀಪ ಇಳಿಸಿದ, ಆರಿತು. ಕಂಬಳಿ ಬೀಸಿದ. ಮತ್ತೆ ಇಳಿಸಿದ, ಹೊಯ್ದಾಡಿತು. ಅಮ್ಮ ಬಾಗಿಲಲ್ಲಿ ನಿಂತಿದ್ದಳು. ಅಪ್ಪನಿಗೆ ಎದುರು ಮಾತಾಡಿದ್ದನ್ನು ನಾನು ಅವತ್ತೇ ಮೊದಲು ಕೇಳಿದ್ದು.

"ಅತ್ತೆ ಇದ್ದಿದ್ರೆ ಈ ಕಲ್ಲಿಗೆ ಕೈ ಹಾಕ್ತಿದ್ರಾ?"

"ಸತ್ತೋರ ಸುದ್ದಿ ಯಾಕೀಗ? ಮನೇಲಿ ಹಿಟ್ಟಿಲ್ಲ ಅಂದವಳು ನೀನೇ ಅಲ್ವಾ?"

"ಹಿಟ್ಟಿಗೆ ಇಷ್ಟು ಮೂಟೆ ಯಾಕೆ? ಆ ಶ್ರೀನಿವಾಸಪುರದ ಸಾಹುಕಾರನ ಗಾಡಿಗೆ ತಾನೇ? ಎಲ್ಲಾ ಕರೆದು ಹಂಚಿಬಿಡಿ. ಅರ್ಧ ತೆಗೆದ್ರೆ ಉಳಿದದ್ದು ಕೆಡ್ತದೆ, ಮಗೂಗೂ ಗೊತ್ತು ಅದು."

"ಹಂಚಿದ್ರೆ ಊರಿಗೆಲ್ಲ ಗೊತ್ತಾಯ್ತದೆ. ಊರಿಗೆ ಗೊತ್ತಾದ್ರೆ ಶೇಕದಾರ್ರು ಮತ್ತೆ ಬರ್ತಾರೆ. ಮುಚ್ಕೊಂಡು ಒಳಗೆ ಹೋಗೇ."

ಅಮ್ಮ ಒಳಗೆ ಹೋಗಲಿಲ್ಲ. ಬಯ್ಯುತ್ತಲೇ, ಕಣ್ಣೊರಸಿಕೊಳ್ಳುತ್ತಲೇ, ಮೇಲೆ ಬಂದ ಮಂಕರಿಗಳನ್ನು ಹೊತ್ತು ಒಳಗೆ ಸುರಿದಳು. ನಮ್ಮ ಮನೆಯ ಜಗಳಗಳೆಲ್ಲ ಹೀಗೇ, ಬಾಯಿ ಬೇಡ ಅನ್ನುತ್ತಿತ್ತು, ಕೈ ಮಾಡುತ್ತಿತ್ತು. ನಾನು ಕೆಳಗೆ ಒಬ್ಬನೇ, ಗಂಗುಲ ಇಲ್ಲದೆ, ಮಂಡಿಯುದ್ದ ರಾಗಿಯಲ್ಲಿ ನಿಂತು ಬಾಚಿದೆ. ಉಸಿರು ಕಟ್ಟುತ್ತಿತ್ತು, ತಲೆ ತಿರುಗುತ್ತಿತ್ತು. ನಮ್ಮ ಪಾಲನ್ನಷ್ಟೇ ತೆಗೆಯುತ್ತಿದ್ದೇವೆ ಎಂದು ಅಪ್ಪ ಮೇಲಿಂದ ಹೇಳಿದ. ಯಾವುದು ನಮ್ಮ ಪಾಲು ಎಂದು ಅವನಿಗೆ ಹೇಗೆ ತಿಳಿಯಿತೋ. ಕೆರೆಯಿಂದ ಜನ ಬರುವ ಹೊತ್ತಾಯಿತು. ಅವಸರದಲ್ಲಿ ಕಲ್ಲು ಎಳೆದು, ಇದ್ದಷ್ಟು ಕೆಸರು ಬಳಿದು, ಹುಲ್ಲು ಮುಚ್ಚಿದೆವು. ಕದ್ದು ತೆಗೆಯಲಾಗದ ಹಾಗೆ ಹಿರಿಯರು ಕಟ್ಟಿದ್ದ ಗುಣಿ ಅದು. ಕದಿಯಲು ಹೋದವರಿಗೆ ಅದನ್ನು ಸರಿಯಾಗಿ ಮುಚ್ಚಲೂ ಬರಲಿಲ್ಲ.

ಆಷಾಢ ಬಂತು. ಮುನಿಯಮ್ಮ ಬೇಲಿಯ ಹತ್ತಿರ ಬಂದು ನಿಂತಳು. ಅಪ್ಪ ಜಗಲಿಯಲ್ಲಿ ಹಗ್ಗ ಹೊಸೆಯುತ್ತಿದ್ದ, ನಾನು ಎಳೆ ಹಿಡಿದುಕೊಂಡಿದ್ದೆ.

"ಗೌಡ್ರೇ, ಕಲ್ಲು ಯಾವತ್ತು ಎತ್ತೋದು? ಮನೇಲಿ ಒಲೆ ಹಚ್ಚಿಲ್ಲ."

"ಯಾವ ಕಲ್ಲು?"

ಆಕೆ ನಕ್ಕಳು. ತಮಾಷೆ ಎಂದುಕೊಂಡಳು.

"ಶೇಕದಾರ್ರು ಹೋಗಿ ಕಾಲವಾಯ್ತು. ಇಲ್ಲಿ ಯಾರೂ ಇಲ್ಲ, ನಾನೇ ಇರೋದು."

"ಹಗೇವು ಕುಸೀತು ಅಂತ ನೀನೇ ಹೇಳ್ದಲ್ಲ ಮುನೆಮ್ಮಾ. ಸರ್ಕಾರದೋರ ಮುಂದೆ ಹೇಳಿದ ಮಾತು. ಈಗ ಐತೆ ಅಂದ್ರೆ ನಿನ್ನನ್ನೇ ಹಿಡ್ಕೊಂಡು ಹೋಗ್ತಾರೆ."

ಆಕೆಯ ಮುಖದಲ್ಲಿ ನಗೆ ಇನ್ನೂ ಅರ್ಧ ಉಳಿದಿತ್ತು. ಅಪ್ಪ ಹಗ್ಗದಿಂದ ಕಣ್ಣೆತ್ತಲಿಲ್ಲ. ಆಗ ಆಕೆ ನನ್ನ ಕಡೆ ತಿರುಗಿದಳು.

"ಅಪ್ಪಯ್ಯಾ, ಒಳಕ್ಕೆ ಇಳಿಯೋನು ನೀನು. ನೀನು ಹೇಳು. ಕುಸಿದೈತಾ?"

"ಕುಸಿದೈತೆ."

"ನೀನೇ ನೋಡಿದ್ಯಾ?"

"ನೋಡ್ದೆ."

ಅಪ್ಪನಿಗೆ ಹೆದರಿ ಹಾಗೆಂದೆ ಎಂದು ಬಹಳ ಕಾಲ ನನಗೆ ನಾನೇ ಹೇಳಿಕೊಂಡೆ. ಹೆದರಿಕೆ ಇದ್ದದ್ದು ನಿಜ. ಅಪ್ಪನೂ ಹೆದರಿದ್ದ, ಲೆವಿಗೆ, ಬಾರದ ಮಳೆಗೆ, ನಾಳೆಗೆ. ಆದರೆ ಆ ಗಳಿಗೆಯಲ್ಲಿ ನನ್ನ ಮನಸ್ಸಿಗೆ ಬಂದದ್ದು ಮುದ್ದೆ. ಇವಳಿಗೆ ಕೊಟ್ಟರೆ, ಕೇರಿಯವರೆಲ್ಲರಿಗೂ ಕೊಟ್ಟರೆ, ನನ್ನ ತಟ್ಟೆಗೆ ಬೀಳುವುದು ಸಣ್ಣದಾಗುತ್ತದೆ. ಇಷ್ಟೇ ಯೋಚನೆ. ಸಭೆಯಲ್ಲಿ ಆ ಮಹಾನುಭಾವರು ಆಡಿದ ಮಾತನ್ನೇ ನಾನು ಆ ವಯಸ್ಸಿನಲ್ಲಿ, ಅವರ ಇಂಗ್ಲಿಷ್ ಇಲ್ಲದೆ, ಯೋಚಿಸಿದ್ದೆ. ಇರುವುದು ಇಷ್ಟೇ, ಬಾಯಿ ಜಾಸ್ತಿ. ಹೊಟ್ಟೆ ತುಂಬಿದವನಿಗೆ ಈ ಲೆಕ್ಕವನ್ನು ಯಾವ ಮೇಷ್ಟರೂ ಕಲಿಸಬೇಕಿಲ್ಲ.

ಆಮೇಲಿನದು ನೋಡಲು ಆಗದ್ದು, ಆದರೂ ದಿನಾ ನೋಡಿದೆ. ಕೇರಿಯಲ್ಲಿ ಹುಣಸೆಬೀಜ ಹುರಿದು ನೆನೆಹಾಕಿ ತಿಂದರು. ಬೇಲಿಯ ಸೊಪ್ಪು ಮುಗಿದ ಮೇಲೆ ಎಳೆಯ ಹೊಂಗೆಚಿಗುರನ್ನೂ ಬೇಯಿಸಿ ನೋಡಿ ವಾಂತಿ ಮಾಡಿಕೊಂಡರು. ಗಂಗುಲನ ತಂಗಿಗೆ ಇನ್ನೂ ಹಾಲುಹಲ್ಲು ಬೀಳುವ ವಯಸ್ಸು. ಅವಳನ್ನು ಲಕ್ಕೂರಿನ ಕಡೆ ಯಾರದೋ ಮನೆಯಲ್ಲಿ ಸಗಣಿ ಬಾಚಲು ಬಿಟ್ಟು ಬಂದರು, ಅಲ್ಲಿ ಒಂದು ಹೊತ್ತು ಅಂಬಲಿಯಾದರೂ ಸಿಗುತ್ತದೆ ಎಂದು. ಗಂಗುಲ ನನ್ನ ಜೊತೆ ದನದ ಹಿಂದೆ ಬರುವುದನ್ನು ಬಿಟ್ಟ. ಒಂದು ಸಲ ದಾರಿಯಲ್ಲಿ ಸಿಕ್ಕಿದಾಗ ಏನೋ ಮಾತಾಡಿಸಲು ಹೋದೆ. ಅವನು ನನ್ನ ಬಾಯಿಯನ್ನೇ ನೋಡಿದ. ನಾನು ಆಗತಾನೇ ಉಂಡು ಬಂದಿದ್ದೆ. ಮನೆಯಲ್ಲಿ ಮುದ್ದೆ ಮೊದಲಿನಷ್ಟೇ ದಪ್ಪ ಇತ್ತು. ಉಳಿದ ರಾಗಿಗೆ ಇನ್ನೂ ಒಳ್ಳೆಯ ಬೆಲೆ ಬರಲಿ ಎಂದು ಅಪ್ಪ ಕಾಯುತ್ತಿದ್ದ.

ಮಳೆ ಬಂದದ್ದು ತಡವಾಗಿ, ಬಂದಾಗ ಬಿಡದೆ. ಬಿಸಿಲು ಬಿದ್ದ ದಿನ ಮೆದೆಯ ಕಡೆಯಿಂದ ವಾಸನೆ ಎದ್ದಿತು. ಮೊದಲು ಹುಳಿಹಿಟ್ಟಿನ ಹಾಗೆ, ಆಮೇಲೆ ಸತ್ತ ದನದ ಹಾಗೆ. ನೆಲದೊಳಗೆ ರಾಗಿ ಕೊಳೆಯುವ ವಾಸನೆ ನಮ್ಮ ಸೀಮೆಯವರಿಗೆ ಬೇರೆ ಯಾರೂ ಹೇಳಬೇಕಿಲ್ಲ. ಊರು ಮೂಗು ಮುಚ್ಚಿಕೊಂಡು ಬಂತು, ಕೇರಿ ಮೂಗು ಮುಚ್ಚಿಕೊಳ್ಳದೆ ಬಂದು ಬೇಲಿಯ ಆಚೆ ನಿಂತಿತು. ಇನ್ನು ಬಚ್ಚಿಡುವುದಕ್ಕೆ ಏನೂ ಇರಲಿಲ್ಲ. ಆಳುಗಳು ಕಲ್ಲು ಎತ್ತಿದರು. ಒಳಗಿಂದ ಬಿಸಿ ಹಬೆ ಬಂತು. ಮೇಲೆ ಬಂದ ರಾಗಿ ಕಪ್ಪಾಗಿ, ಮುದ್ದೆಮುದ್ದೆಯಾಗಿ, ಅಂಚುಗಳಲ್ಲಿ ಬಿಳಿ ಮೊಳಕೆ ಬಂದು, ಮುಟ್ಟಿದರೆ ಜ್ವರ ಬಂದ ಮೈಯಂತೆ ಸುಡುತ್ತಿತ್ತು. ಅಪ್ಪ ಯಾರ ಮುಖವನ್ನೂ ನೋಡದೆ, ತಿಪ್ಪೆಗೆ ಹಾಕಿ ಎಂದ. ಆಗ ಮುನಿಯಮ್ಮ ಬೇಲಿ ದಾಟಿ ಒಳಗೆ ಬಂದಳು. ಕಂಕುಳಲ್ಲಿ ಒಂದು ಗೋಣಿಚೀಲ. ಆಕೆ ನಮ್ಮ ಅಂಗಳದ ನಡುವಿಗೆ ಕಾಲಿಟ್ಟದ್ದು ಅದೇ ಮೊದಲು. ಯಾರೂ ತಡೆಯಲಿಲ್ಲ.

"ನಿಮ್ಮದು ತಿಪ್ಪೆಗೆ ಹಾಕ್ಕೊಳ್ಳಿ ಗೌಡ್ರೇ. ನಂದು ಅಳೀರಿ."

"ಇದನ್ನ ತಗೊಂಡು ಏನು ಮಾಡ್ತೀಯ? ಕೋಳೀನೂ ಮೂಸಲ್ಲ."

"ಏನೋ ಮಾಡ್ಕೊಂತೀನಿ. ಅಳೀರಿ."

ಅಪ್ಪ ಕೊಳಗ ತರಿಸಿದ. ಆ ಕಪ್ಪು ರಾಗಿಯನ್ನು ಗೋಪುರವಾಗಿ ಒಟ್ಟಿ ಒಟ್ಟಿ ಅಳೆಯತೊಡಗಿದ, ಬೇಗ ತೊಲಗಲಿ ಎಂದು. ಮುನಿಯಮ್ಮ ಪ್ರತಿ ಕೊಳಗದ ಮೇಲೂ ಅಂಗೈ ಎಳೆದು, ಹೆಚ್ಚಾದದ್ದನ್ನು ಹಗೇವಿನ ಬಾಯಿಗೆ ತಳ್ಳಿ, ಸಮ ಮಾಡಿಕೊಂಡಳು.

"ತಗೋ, ಇರಲಿ. ಜಾಸ್ತಿ ಬಂದ್ರೆ ಏನೀಗ?"

"ನಿಮ್ಮದು ನಂಗೆ ಬೇಡ."

ತನ್ನ ಪಾಲು ಮುಗಿದ ಕೂಡಲೇ ಸಾಕು ಎಂದಳು. ಚೀಲದ ಬಾಯಿ ಕಟ್ಟಿದಳು. ನಾಳೆ ಮಾಲೂರಿಗೆ ಹೊರಡುತ್ತೇವೆ, ಗಂಗುಲನಿಗೆ ಜ್ವರ, ಬಿಡದಿದ್ದರೆ ಅವನನ್ನೂ ಹೊತ್ತುಕೊಂಡೇ ಹೋಗುತ್ತೇನೆ, ಇನ್ನು ಈ ಊರಿನಲ್ಲಿ ನನ್ನದು ಏನೂ ಇಲ್ಲ ಎಂದು ಕೇರಿಯವರ ಕಡೆ ನೋಡಿ ಹೇಳಿದಳು. ನೀರು ಕುಡಿದ ಚೀಲ ಭಾರವಾಗಿತ್ತು. ಎತ್ತಿಕೊಡಲು ಕೇರಿಯ ಇಬ್ಬರು ಮುಂದೆ ಬಂದರು. ಆಕೆ ಕೈ ಅಡ್ಡ ಹಿಡಿದಳು.

"ನೀವು ಇರ್ರಪ್ಪಾ. ಈ ಅಪ್ಪಯ್ಯ ಎತ್ತಿಕೊಡ್ಲಿ. ಬಾಪ್ಪಾ, ಒಂದು ಕೈ ಹಾಕು."

ಬಯ್ಯುವ ದನಿ ಆಗಿರಲಿಲ್ಲ. ದಾರಿಯಲ್ಲಿ ಹುಲ್ಲಿನ ಹೊರೆ ಎತ್ತಿಸಿಕೊಳ್ಳಲು ಯಾರನ್ನಾದರೂ ಕರೆಯುವ ಹಾಗೆ ಕರೆದಳು. ಎರಡು ಹೆಜ್ಜೆ ಮುಂದೆ ಹೋದರೆ ಸಾಕಿತ್ತು. ಚೀಲದ ಒಂದು ಮೂಲೆ ಹಿಡಿದರೆ ಸಾಕಿತ್ತು. ಅಮ್ಮ ಬಾಗಿಲಲ್ಲಿ ನಿಂತು ನನ್ನನ್ನೇ ನೋಡುತ್ತಿದ್ದಳು, ಹೋಗು ಎನ್ನುವ ಹಾಗೆ. ನಾನು ಅಪ್ಪನ ಮುಖ ನೋಡಿದೆ. ನಾನು ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡೆ. ಮುನಿಯಮ್ಮ ಸ್ವಲ್ಪ ಹೊತ್ತು ಕಾದಳು. ಆಮೇಲೆ ಕುಕ್ಕರುಗಾಲಲ್ಲಿ ಕೂತು, ಚೀಲವನ್ನು ತೊಡೆಗೆ ಎಳೆದುಕೊಂಡು, ತೊಡೆಯಿಂದ ಎದೆಗೆ, ಎದೆಯಿಂದ ತಲೆಗೆ ತಾನೇ ಏರಿಸಿಕೊಂಡು ಎದ್ದು ನಿಂತಳು. ಚೀಲದಿಂದ ಕಪ್ಪು ನೀರು ಆಕೆಯ ಕತ್ತಿನ ಮೇಲೆ ಇಳಿಯುತ್ತಿತ್ತು. ಒರೆಸಿಕೊಳ್ಳದೆ ನಡೆದಳು.